ಕಣ್ಣಿಗೆ ದೂರ, ಕಿವಿಗೆ ಹತ್ತಿರ

ಜಾಗ ಎಷ್ಟು ದೊಡ್ಡದು, ಎದುರಿಗಿದ್ದವರು ಎಷ್ಟು ದೂರ ಎಂದು ಅಳೆಯುವುದು ಕಣ್ಣಿನ ಕೆಲಸವೆಂದೇ ಹೆಚ್ಚಿನವರ ನಂಬಿಕೆ. ಅದನ್ನು ಅಲುಗಾಡಿಸುವ ಕಟ್ಟಡ ನಮ್ಮ ಸೀಮೆಯಲ್ಲೇ ಇದೆ: 1656ರಲ್ಲಿ ತೀರಿಕೊಂಡ ಮಹಮ್ಮದ್ ಆದಿಲ್‌ಶಾಹನ ಗೋರಿ, ವಿಜಯಪುರದ ಗೋಳಗುಮ್ಮಟ. ಗುಮ್ಮಟದ ಒಳವ್ಯಾಸ ಸುಮಾರು 38 ಮೀಟರು. ಅದರ ಬುಡದಲ್ಲಿ ಸುತ್ತಲೂ ಹಾಯುವ ಪಿಸುಮಾತಿನ ಗ್ಯಾಲರಿಯಲ್ಲಿ ಒಬ್ಬರು ಗೋಡೆಯತ್ತ ಬಾಯಿ ಮಾಡಿ ಮೆಲ್ಲಗೆ ಉಸುರಿದರೆ, ಎದುರು ಬದಿಯ ಗೋಡೆಗೆ ಕಿವಿಗೊಟ್ಟವರಿಗೆ ಆ ಮಾತು ಮಗ್ಗುಲಲ್ಲೇ ಆಡಿದಂತೆ ಕೇಳುತ್ತದೆ. ತಲೆಯೆತ್ತಿ ನೋಡಿದರೆ ಆಡಿದವರು ಎಲ್ಲೋ ಆಚೆ, ಸಣ್ಣಗೆ ಕಾಣುತ್ತಾರೆ. ಇದನ್ನು ಬರೀ ಪ್ರವಾಸಿಗರ ಮೋಜೆಂದು ಬಿಡುವಂತಿಲ್ಲ. ನಾವು ಬದುಕುವ ಜಾಗದ ಅರ್ಧ ಕಟ್ಟೋಣವನ್ನು ಕಿವಿಯೇ ಮಾಡುತ್ತದೆ ಎಂಬುದಕ್ಕೆ ಇದು ಗಟ್ಟಿ ಸಾಕ್ಷಿ.

ಕಾರಣ ಹುಡುಕಿದವರಲ್ಲಿ ಇಂಗ್ಲೆಂಡಿನ ಭೌತವಿಜ್ಞಾನಿ ಲಾರ್ಡ್ ರೇಲಿ ಮೊದಲಿಗರ ಸಾಲಿನವರು. ಲಂಡನ್ನಿನ ಸೇಂಟ್ ಪಾಲ್ ಚರ್ಚಿನ ಇಂಥದೇ ಗ್ಯಾಲರಿಯ ಬಗ್ಗೆ, ದನಿ ಮೇಲಿನ ಗುಮ್ಮಟಕ್ಕೆ ಬಡಿದು ಮರಳಿ ಎದುರು ಬದಿಯಲ್ಲಿ ಒಂದೆಡೆ ಕೂಡಿಕೊಳ್ಳುತ್ತದೆ ಎಂಬ ವಿವರಣೆ ಆಗ ಚಾಲ್ತಿಯಲ್ಲಿತ್ತು. ಹಾಗಲ್ಲ, ಅದು ಬಾಗಿದ ಗೋಡೆಗೆ ಅಂಟಿಕೊಂಡು ತೆವಳುತ್ತಾ ಸಾಗುತ್ತದೆ ಎಂದು ರೇಲಿ ತೋರಿಸಿದರು. 1920ರ ದಶಕದ ಮೊದಲಲ್ಲಿ ಸಿ. ವಿ. ರಾಮನ್ ಗೋಳಗುಮ್ಮಟವೂ ಸೇರಿ ಇಂಥ ಕಟ್ಟಡಗಳನ್ನು ಪರೀಕ್ಷಿಸಿ ಬರೆದರು. ಬಯಲಲ್ಲಿ ಆಡಿದ ಮಾತು ಎಲ್ಲ ದಿಕ್ಕಿಗೂ ಹರಡಿ ಬೇಗ ಸೊರಗುತ್ತದೆ. ಗೋಡೆಗುಂಟ ಹೋಗುವ ಮಾತು ಅಷ್ಟು ಸೊರಗುವುದಿಲ್ಲ. ಪಿಸುಮಾತಿನಲ್ಲಿ ಸಕಾರ, ಶಕಾರ, ಚಕಾರಗಳ ಚೂಪಾದ, ಕಿರಿಯಲೆಯ ಸದ್ದೇ ಹೆಚ್ಚು. ಗೋಡೆಗೆ ಚೆನ್ನಾಗಿ ಅಂಟುವುದೂ ಅಂಥ ಸದ್ದೇ. ಹತ್ತಿರದವರ ಮಾತಲ್ಲಷ್ಟೇ ಈ ಚೂಪು ಉಳಿದಿರುತ್ತದೆ ಎಂದು ಮಿದುಳು ಹುಟ್ಟಿದಾಗಿನಿಂದ ಕಲಿತಿದೆ. ಹಾಗಾಗಿ ಅದು ಆ 38 ಮೀಟರನ್ನು ಮಡಚಿ ಒಂದು ಗೇಣಿಗೆ ಇಳಿಸುತ್ತದೆ.

ಗುರುಮಠಕಲ್ ತಾಲ್ಲೂಕಿನ ನಜರಾಪುರದ ಹತ್ತಿರ ದಬದಬಿ ಜಲಪಾತಕ್ಕೆ ಮಳೆಗಾಲದಲ್ಲಿ ಹೋಗುವವರ ಕಿವಿಯೂ ಇದೇ ಲೆಕ್ಕ ಹಾಕುತ್ತದೆ. ನೀರು ಕಣ್ಣಿಗೆ ಬೀಳುವ ಮೊದಲು ಮಂದವಾದ ಮೊರೆತ. ಹತ್ತಿರವಾದಂತೆ ಹನಿ ಬಂಡೆಗೆ ಬಡಿಯುವ ಸಣ್ಣ ಸಿಡಿತವೂ ಸೇರಿಕೊಳ್ಳುತ್ತದೆ. ಗಾಳಿ ಮತ್ತು ಗಿಡಗಂಟಿ ಚೂಪು ಸದ್ದನ್ನು ಮೊದಲು ನುಂಗುವುದರಿಂದ ಆ ಸಿಡಿತವೇ ದೂರದ ಅಳತೆಗೋಲಾಗುತ್ತದೆ. ದಿಕ್ಕಿನ ಲೆಕ್ಕ ಇನ್ನೂ ಸೂಕ್ಷ್ಮ: ಒಂದು ಬದಿಯ ಸದ್ದು ಎರಡು ಕಿವಿಗೆ ತಲುಪುವ ಹೊತ್ತಿನ ಅಂತರ ಸೆಕೆಂಡಿನ ಸಾವಿರದಲ್ಲೊಂದು ಭಾಗಕ್ಕಿಂತ ಕಡಿಮೆ, ಆದರೂ ಮಿದುಳು ಅದನ್ನು ಹಿಡಿಯುತ್ತದೆ. 1944ರಲ್ಲಿ ಅಮೆರಿಕದ ಕಾರ್ನೆಲ್ ವಿಶ್ವವಿದ್ಯಾಲಯದ ಪ್ರಯೋಗಗಳು, ಕುರುಡರು ಎದುರಿನ ಗೋಡೆಯನ್ನು ‘ಮುಖದ ಚರ್ಮದಿಂದ’ ಅರಿಯುತ್ತಾರೆಂಬ ಊಹೆಯನ್ನು ತಳ್ಳಿಹಾಕಿದವು. ಕಿವಿ ಮುಚ್ಚಿದರೆ ಅವರು ಗೋಡೆಗೆ ಹಾಯುತ್ತಿದ್ದರು. ನಾಲಿಗೆ ಲೊಟ್ಟೆ ಹೊಡೆದು ಅದರ ಮರುದನಿಯಿಂದ ವಸ್ತು ಗುರುತಿಸುವ ಕುರುಡರಲ್ಲಿ, ನೋಟಕ್ಕೆ ಮೀಸಲೆನ್ನುವ ಮಿದುಳಿನ ಭಾಗವೇ ಚುರುಕಾಗುವುದನ್ನು 2011ರ ಅಧ್ಯಯನವೊಂದು ಕಂಡಿತು.

ಇದೆಲ್ಲ ಭ್ರಮೆ, ಕೊನೆಗೆ ಗೆಲ್ಲುವುದು ಕಣ್ಣೇ ಎಂದು ಯಾರಾದರೂ ತಕರಾರು ತೆಗೆಯಬಹುದು. ಅದರಲ್ಲಿ ಹುರುಳಿದೆ. ಗೊಂಬೆಯಾಟದಲ್ಲಿ ಮಾತು ಗೊಂಬೆಯ ಬಾಯಿಂದಲೇ ಬಂದಂತೆ ಕೇಳುವುದು ಕಣ್ಣಿನ ಮೇಲುಗೈ. ಆದರೆ ಆ ಮೇಲುಗೈ ಶಾಶ್ವತವಲ್ಲ. ನೋಟವನ್ನು ಬೇಕೆಂದೇ ಮಸುಕುಗೊಳಿಸಿದಾಗ, ಎದುರಿನದು ಇರುವ ಸ್ಥಳವನ್ನು ಜನ ದನಿಯ ಮೇಲೆಯೇ ನಿರ್ಧರಿಸಿದರೆಂದು 2004ರಲ್ಲಿ ಸಂಶೋಧಕರಾದ ಅಲೈಸ್ ಮತ್ತು ಬರ್ ತೋರಿಸಿದರು. ಮಿದುಳು ಎರಡೂ ಸಾಕ್ಷಿಯನ್ನು ತೂಗಿ, ನಂಬಿಕಸ್ತನ ಕಡೆ ವಾಲುತ್ತದೆ. ಇನ್ನೊಂದು ಬದಿಯ ಅತಿರೇಕವನ್ನೂ ಒಪ್ಪಲಾಗದು: ನಾದದ ಕಂಪನದಿಂದ ಜಾಗವೇ ಹಿಗ್ಗಿ ಕುಗ್ಗುತ್ತದೆ ಎನ್ನುವವರಿದ್ದಾರೆ. ಗುಮ್ಮಟದ ಕಲ್ಲು ಒಂದಂಗುಲವೂ ಕದಲಿಲ್ಲ. ಬದಲಾದದ್ದು ಕೇಳುವವರ ಒಳಗಿನ ಜಾಗ. ಶಬ್ದವನ್ನು ಆಕಾಶದ ಗುಣವೆಂದ ನಮ್ಮ ಪ್ರಾಚೀನ ವೈಶೇಷಿಕ ದಾರ್ಶನಿಕರ ಮತ ಭೌತಶಾಸ್ತ್ರದ ಕಣ್ಣಲ್ಲಿ ನಿಲ್ಲದು, ಸದ್ದು ಸಾಗಲು ಗಾಳಿಯಂಥ ಆಧಾರ ಬೇಕೇ ಬೇಕು. ಆದರೂ ಸದ್ದನ್ನೂ ಅವಕಾಶವನ್ನೂ ಒಟ್ಟಿಗೆ ಇಟ್ಟು ಯೋಚಿಸಿದ ಅವರ ಧೈರ್ಯ ನನಗೆ ದೊಡ್ಡದಾಗಿಯೇ ಕಾಣುತ್ತದೆ.

ಗುಮ್ಮಟದ ಗ್ಯಾಲರಿಯಲ್ಲಿ ಒಂದು ಚಪ್ಪಾಳೆ ಏಳೆಂಟು ಸಲ ಮರಳುವುದು ಸೊಗಸು. ಅದೇ ಗುಣ ತರಗತಿಯಲ್ಲಿದ್ದರೆ ಮಕ್ಕಳಿಗೆ ಶಿಕ್ಷೆ. ಫರಸಿ ಕಲ್ಲಿನ ನೆಲ, ಸಿಮೆಂಟಿನ ಗೋಡೆ, ತಗಡಿನ ಮಾಡಿನ ಕೋಣೆಯಲ್ಲಿ ಒಂದು ಅಕ್ಷರದ ಬಾಲ ಮುಂದಿನ ಅಕ್ಷರದ ಮೇಲೆ ಬೀಳುತ್ತದೆ. ಹಿಂದಿನ ಸಾಲಿನ ಮಗುವಿಗೆ ಹತ್ತಾರು ಅಡಿ ದೂರದ ಶಿಕ್ಷಕಿ ಬೇರೆ ಊರಿನಲ್ಲಿ ನಿಂತು ಮಾತಾಡಿದಂತಾಗುತ್ತದೆ. ಸಾಧಾರಣ ಅಳತೆಯ ತರಗತಿಯಲ್ಲಿ ಸದ್ದು 0.6 ಸೆಕೆಂಡಿನೊಳಗೆ ಅಡಗಬೇಕೆಂದು ಅಮೆರಿಕದ ಮಾನದಂಡ ಹೇಳುತ್ತದೆ. ನಮ್ಮಲ್ಲಿ ಶಾಲೆ ಕಟ್ಟುವಾಗ ಬೆಳಕು, ಗಾಳಿ ಕೇಳುತ್ತೇವೆ. ದನಿಯ ಮಾತು ಎತ್ತುವವರು ಅಪರೂಪ. ಅದಕ್ಕೆ ಭಾರೀ ಖರ್ಚೂ ಬೇಕಿಲ್ಲ. ಹಿಂಬದಿ ಗೋಡೆಗೆ ಮಡಿಕೆ ಬಿಟ್ಟು ತೂಗಿದ ದಪ್ಪ ಕಂಬಳಿ, ಮಾಡಿನ ಕೆಳಗೆ ಸದ್ದು ಹೀರುವ ಮೆತ್ತನೆಯ ಹಲಗೆ, ಇಷ್ಟಿದ್ದರೂ ಶಿಕ್ಷಕಿಯ ದನಿ ಆ ಮಗುವಿಗೆ ನಾಲ್ಕು ಸಾಲು ಮುಂದೆ ಬಂದಂತೆ ಕೇಳುತ್ತದೆ.