ನಿರಿಗೆ ಹಿಡಿದ ಕಳ್ಳಿ

ಮುಷ್ಟಿಗಾತ್ರದ ಹಸಿರು ಗುಂಡು. ಮೈತುಂಬ ಹಪ್ಪಳದಂಥ ತೆಳ್ಳನೆಯ ಏಣುಗಳು. ಒಂದೂ ನೆಟ್ಟಗಿಲ್ಲ, ಸೀರೆಯ ನಿರಿಗೆಯನ್ನು ಅವಸರದಲ್ಲಿ ಹಿಡಿದಂತೆ ಅತ್ತಿತ್ತ ಬಳುಕಿ, ಪಕ್ಕದ್ದಕ್ಕೆ ಒತ್ತಿಕೊಂಡಿವೆ. ನಿರಿಗೆಗಳ ಅಂಚಿನಿಂದ ಒಣಹುಲ್ಲಿನ ಬಣ್ಣದ ಉದ್ದ ಮುಳ್ಳುಗಳು ಮೇಲಕ್ಕೆ ಬಾಗಿ ನೆತ್ತಿಯನ್ನು ಮುಚ್ಚಿವೆ. ಗಿಡ ಸಾಕುವವರು ಇದನ್ನು ‘ಮಿದುಳು ಕಳ್ಳಿ’ ಎನ್ನುತ್ತಾರೆ. ಸಸ್ಯವಿಜ್ಞಾನಿಗಳ ಕಡತದಲ್ಲಿ ಇದು ಸ್ಟೆನೋಕ್ಯಾಕ್ಟಸ್.

ತವರು ಮೆಕ್ಸಿಕೋದ ಮಧ್ಯ ಮತ್ತು ಉತ್ತರ ಭಾಗದ ಒಣ ಪ್ರಸ್ಥಭೂಮಿ: ಸಾನ್ ಲೂಯಿಸ್ ಪೊಟೊಸಿ, ಸಕಟೇಕಾಸ್, ಹಿಡಾಲ್ಗೊ, ಕೊವಾವಿಲ. ಅಲ್ಲಿ ಹುಲ್ಲಿನ ನಡುವೆ ಕುಳಿತ ಈ ಗಿಡ ಸುಲಭಕ್ಕೆ ಕಣ್ಣಿಗೆ ಬೀಳುವುದಿಲ್ಲ.

ಕನ್ನಡದಲ್ಲಿ ಕಳ್ಳಿ ಎಂದರೆ ಎಲ್ಲವೂ ಕಳ್ಳಿಯೇ. ಆದರೆ ಮುರಿದರೆ ಹಾಲು ಸುರಿಸುವ ಚದುರಗಳ್ಳಿ ಬೇರೆಯೇ ಕುಟುಂಬದ್ದು. ಬೇಲಿಯ ಪಾಪಾಸುಕಳ್ಳಿ ಮಾತ್ರ ಮೆಕ್ಸಿಕೋದ ಈ ಗಿಡಕ್ಕೆ ನಿಜವಾದ ನೆಂಟ. ಗುರುತು ಇಷ್ಟೇ: ಅಸಲಿ ಕ್ಯಾಕ್ಟಸ್‌ನಲ್ಲಿ ಮುಳ್ಳುಗಳು ಏರಿಯೋಲ್ ಎಂಬ ಉಣ್ಣೆಯಂಥ ಪುಟ್ಟ ಮೆತ್ತೆಯಿಂದ ಹೊರಡುತ್ತವೆ. ಸ್ಟೆನೋಕ್ಯಾಕ್ಟಸ್‌ನಲ್ಲಿ ಒಂದೊಂದು ಏಣಿನ ಮೇಲೆ ಇಂಥ ಮೆತ್ತೆಗಳು ಕೆಲವೇ ಕೆಲವು. ಕೆಳಗಿನ ಮುಳ್ಳುಗಳು ಸಣ್ಣವು, ಸೂಜಿಯಂಥವು. ಮೇಲಿನವು ಉದ್ದ, ಹಲವು ಬಾರಿ ಪಟ್ಟಿಯಂತೆ ಚಪ್ಪಟೆ. ಬಳುಕುವ ಏಣು, ಚಪ್ಪಟೆ ಮೇಲ್ಮುಳ್ಳು ಎರಡೂ ಜೊತೆಯಲ್ಲಿ ಕಂಡರೆ ಕುಲದ ಬಗ್ಗೆ ಹೆಚ್ಚು ಅನುಮಾನ ಬೇಡ.

ಒಂದು ಎಚ್ಚರಿಕೆ ಇದೆ. ಮಾಮಿಲೇರಿಯ ಎಂಬ ಇನ್ನೊಂದು ಕಳ್ಳಿಯ ವಿಕಾರ ರೂಪವನ್ನೂ ಅಂಗಡಿಗಳಲ್ಲಿ ಮಿದುಳು ಕಳ್ಳಿ ಎಂದೇ ಮಾರುತ್ತಾರೆ. ಅದರ ಬೆಳೆಯುವ ತುದಿ ಒಂದು ಚುಕ್ಕಿಯಾಗಿ ಉಳಿಯದೆ ಗೆರೆಯಂತೆ ಅಗಲವಾಗಿ, ಇಡೀ ಕಾಂಡವೇ ಕೋಳಿಜುಟ್ಟಿನ ಹಾಗೆ ಸುರುಳಿಯಾಗುತ್ತದೆ. ಸ್ಟೆನೋಕ್ಯಾಕ್ಟಸ್‌ನ ಬಳುಕು ರೋಗವೂ ಅಲ್ಲ, ವಿಕಾರವೂ ಅಲ್ಲ, ಹುಟ್ಟುಗುಣ. ನೆತ್ತಿಯ ನಡುವೆ ಒಂದೇ ಬೆಳೆಯುವ ಬಿಂದುವಿರುತ್ತದೆ, ಏಣುಗಳೆಲ್ಲ ಅಲ್ಲಿಂದಲೇ ಇಳಿಯುತ್ತವೆ.

ನಿರಿಗೆಯಿಂದ ಗಿಡಕ್ಕೆ ಲಾಭವಿದೆ. ಮಳೆ ಬಂದಾಗ ನೀರು ತುಂಬಿಕೊಂಡು ಉಬ್ಬಲು, ಬರಗಾಲದಲ್ಲಿ ಸೊರಗಲು ಏಣುಗಳಿರುವ ಮೈಗೆ ಸಲೀಸು, ತೊಗಲು ಹರಿಯುವುದಿಲ್ಲ. ಒಂದು ಏಣಿನ ನೆರಳು ಇನ್ನೊಂದರ ಮೇಲೂ ಬೀಳುತ್ತದೆ.

ಕುಲ ಹೇಳಿದ್ದಾಯಿತು, ಯಾವ ಪ್ರಭೇದ? ತಕರಾರು ಶುರುವಾಗುವುದೇ ಇಲ್ಲಿ. ಎರಡು ಪ್ರಭೇದಗಳು ಮಾತ್ರ ಸುಲಭಕ್ಕೆ ಸಿಕ್ಕಿಬೀಳುತ್ತವೆ. ಮಲ್ಟಿಕೊಸ್ಟೇಟಸ್‌ನ ಮೈಮೇಲೆ 100ಕ್ಕೂ ಹೆಚ್ಚು ಏಣುಗಳಿರಬಹುದು, ಕಾಗದದಷ್ಟು ತೆಳು. ಕಾಪ್ಟೊನೊಗೋನಸ್ ಇದರ ತದ್ವಿರುದ್ಧ: 10ರಿಂದ 14 ದಪ್ಪ ಏಣುಗಳು, ಒಂದಿಷ್ಟೂ ಬಳುಕಿಲ್ಲ. ನಿರಿಗೆಯ ಮನೆತನದಲ್ಲಿ ಇಸ್ತ್ರಿ ಹಾಕಿಸಿಕೊಂಡ ಒಬ್ಬನೇ ಮಗ. ಉಳಿದವುಗಳಲ್ಲಿ ವಾಪೆಲಿಯಾನಸ್‌ಗೆ ತಿಳಿಹಳದಿ ಹೂವೆಂಬ ಸುಳಿವಾದರೂ ಇದೆ. ಕ್ರಿಸ್ಪೇಟಸ್ ಮಾತ್ರ ಒಂದೊಂದು ಗುಡ್ಡದಲ್ಲಿ ಒಂದೊಂದು ವೇಷ ಹಾಕುತ್ತದೆ.

ಗೊಂದಲ ಹುಟ್ಟಿದ್ದು 19ನೇ ಶತಮಾನದ ಯುರೋಪಿನ ಗಾಜಿನ ಮನೆಗಳಲ್ಲಿ. ಮೆಕ್ಸಿಕೋದಿಂದ ಹಡಗಿನಲ್ಲಿ ಬಂದ ಒಂಟಿ ಗಿಡವನ್ನು ನೋಡಿ, ಮುಳ್ಳು ಕೊಂಚ ಬೇರೆ ಕಂಡರೆ ಹೊಸ ಹೆಸರಿಡುತ್ತಿದ್ದರು. ಸಿಕ್ಕಿದ್ದೆಲ್ಲಿ ಎಂದರೆ ‘ಮೆಕ್ಸಿಕೋ’ ಎಂಬ ಒಂದೇ ಪದ. ಒಣಗಿಸಿಟ್ಟ ಮಾದರಿಯೂ ಎಷ್ಟೋ ಸಲ ಇಲ್ಲ. ಹೀಗೆ ಹತ್ತಾರು ಹೆಸರುಗಳು ಪೇರಿಸಿಕೊಂಡವು. ಇಂದು ತಜ್ಞರು ಒಪ್ಪುವುದು ಸುಮಾರು ಹತ್ತನ್ನು. ಕುಲದ ಹೆಸರಿಗೂ ಜಗಳ ತಪ್ಪಲಿಲ್ಲ. 1841ರಲ್ಲಿ ಇಂಗ್ಲೆಂಡಿನ ತೋಟಗಾರ ಜಾರ್ಜ್ ಲಾರೆನ್ಸ್ ಎಕೈನೋಫಾಸುಲೋಕ್ಯಾಕ್ಟಸ್ ಎಂಬ ಉದ್ದನೆಯ ಹೆಸರು ಕೊಟ್ಟ. ಅರ್ಥ, ಕಾಲುವೆ ತೋಡಿದ ಮುಳ್ಳುಹಂದಿ ಕಳ್ಳಿ. ಅಂದವಾದ ಹೆಸರೇ. ಆದರೆ ಆ ಬುಟ್ಟಿಗೆ ಅವನು ಬೇರೆ ಕುಲದ ಕಳ್ಳಿಗಳನ್ನೂ ಹಾಕಿದ್ದ. ಕೊನೆಗೆ ‘ಕಿರಿದಾದ’ ಎಂಬ ಗ್ರೀಕ್ ಪದದಿಂದ ಬಂದ ಸ್ಟೆನೋಕ್ಯಾಕ್ಟಸ್ ಗೆದ್ದಿತು, ಹಳೆಯ ಹೆಸರಿನ ಅಭಿಮಾನಿಗಳು ಇನ್ನೂ ಇದ್ದಾರೆ.

ಗಿಡದ ವಯಸ್ಸೂ ದಾರಿ ತಪ್ಪಿಸುತ್ತದೆ. ಬೀಜದಿಂದ ಬಂದ ಮರಿಗೆ ಏಣೇ ಇರುವುದಿಲ್ಲ, ಮೈಮೇಲೆ ಬರೀ ಗುಬುಟುಗಳು. ಬೆಳೆದಂತೆ ಅವು ಕೂಡಿಕೊಂಡು ಏಣುಗಳಾಗುತ್ತವೆ, ಆಮೇಲೆ ಎಣಿಕೆ ಹೆಚ್ಚುತ್ತ ಹೋಗುತ್ತದೆ. ನೆರಳಿನಲ್ಲಿ ಸಾಕಿದರೆ ಮುಳ್ಳು ಬಡಕಲಾಗುತ್ತದೆ. ಹಾಗಾಗಿ ಮರಿಗಿಡದ ಫೋಟೋ ನೋಡಿ ಪ್ರಭೇದ ಹೇಳುವವರನ್ನು ನಂಬುವುದು ಕಷ್ಟ. ವಸಂತದ ಆರಂಭದಲ್ಲಿ, ಬೇರೆ ಎಷ್ಟೋ ಕಳ್ಳಿಗಳಿಗಿಂತ ಮೊದಲೇ, ನೆತ್ತಿಯ ಮುಳ್ಳುಗಳ ನಡುವೆ ಹೂ ಇಣುಕುವವರೆಗೆ ಕಾಯಬೇಕು. ಹೆಚ್ಚಿನವಕ್ಕೆ ಬಿಳಿ ಅಥವಾ ನಸುಗೆಂಪು ಎಸಳು, ಹಲವಕ್ಕೆ ನಡುವೆ ನೇರಳೆ ಗೆರೆ.

ಕ್ಯಾಕ್ಟಸ್ ಕುಟುಂಬ ಹೆಚ್ಚುಕಡಿಮೆ ಇಡಿಯಾಗಿ ಕಾಡುಗಿಡ, ಕಾಡುಪ್ರಾಣಿಗಳ ಅಂತರರಾಷ್ಟ್ರೀಯ ವ್ಯಾಪಾರಕ್ಕೆ ಕಡಿವಾಣ ಹಾಕುವ ಸೈಟಿಸ್ ಒಪ್ಪಂದದ ಕಾವಲಿನಲ್ಲಿದೆ. ಕೊಳ್ಳುವುದಾದರೆ ಬೀಜದಿಂದ ಬೆಳೆಸಿದ ಗಿಡವನ್ನೇ ಕೇಳಿ. ಅದರ ಮೂಲ ಯಾವ ಊರಿನದೆಂದು ಚೀಟಿಯಲ್ಲಿ ಬರೆದಿದ್ದರೆ ಕುಂಡ ಬದಲಿಸುವಾಗ ಎಸೆಯಬೇಡಿ. ಚೀಟಿ ಇಲ್ಲವೇ? ಬರೀ ‘ಸ್ಟೆನೋಕ್ಯಾಕ್ಟಸ್’ ಎಂದು ಬರೆದಿಡಿ, ತಪ್ಪಾಗುವುದಿಲ್ಲ.