ನಿರಂತರ ವರ್ತಮಾನ: ಕನ್ನಡ–ಇಂಗ್ಲಿಷ್ ಹೋಲಿಕೆ ಎಲ್ಲಿಯವರೆಗೆ?

ಇಂಗ್ಲಿಷಿನ ‘ಪ್ರೆಸೆಂಟ್ ಕಂಟಿನ್ಯುಯಸ್’ ಕಾಲರೂಪವನ್ನು ಕಲಿಸುವ ಅಭ್ಯಾಸ ಹಾಳೆಗಳು ಬಹುಮಟ್ಟಿಗೆ ಒಂದೇ ಬಗೆಯವು: ವಾಕ್ಯದಲ್ಲೊಂದು ಬಿಟ್ಟ ಸ್ಥಳ, ಆವರಣದಲ್ಲೊಂದು ಕ್ರಿಯಾಪದ. ‘ಆಮ್, ಈಸ್, ಆರ್’ಗಳಲ್ಲಿ ಒಂದನ್ನು ಆರಿಸಿ, ಕ್ರಿಯಾಪದಕ್ಕೆ ‘ಇಂಗ್’ ಸೇರಿಸಿದರೆ ಉತ್ತರ ಸಿದ್ಧ. ಇದರಿಂದ ರೂಪ ರೂಢಿಯಾಗುತ್ತದೆ. ಅದನ್ನು ಎಲ್ಲಿ ಬಳಸಬೇಕು, ಎಲ್ಲಿ ಬಳಸಬಾರದು ಎಂಬ ವಿವೇಚನೆ ಬೆಳೆಯುವುದಿಲ್ಲ. ಆ ವಿವೇಚನೆಗೆ ಕನ್ನಡ ವ್ಯಾಕರಣದ ತಿಳಿವಳಿಕೆ ನೆರವಾಗುತ್ತದೆ.

‘ಓದುತ್ತಿದ್ದಾಳೆ’ ಎಂಬುದನ್ನು ಬಿಡಿಸಿದರೆ ‘ಓದುತ್ತ’ ಎಂಬ ಕೃದಂತಾವ್ಯಯವೂ ‘ಇದ್ದಾಳೆ’ ಎಂಬ ಕ್ರಿಯಾಪದವೂ ದೊರೆಯುತ್ತವೆ. ‘ಶಿ ಈಸ್ ರೀಡಿಂಗ್’ ಎಂಬಲ್ಲಿಯೂ ಇರವನ್ನು ಹೇಳುವ ‘ಈಸ್’, ನಡೆಯುತ್ತಿರುವ ಕ್ರಿಯೆಯನ್ನು ಹೇಳುವ ‘ರೀಡಿಂಗ್’ ಎಂಬ ಎರಡು ಅಂಗಗಳಿವೆ. ‘ದಿನವೂ ಓದುತ್ತಾಳೆ’ ಎಂಬುದು ರೂಢಿ. ‘ಈಗ ಓದುತ್ತಿದ್ದಾಳೆ’ ಎಂಬುದು ಸದ್ಯದ ಕ್ರಿಯೆ. ಮಲಯಾಳದಲ್ಲಿ ‘ವಾಯಿಕ್ಕುನ್ನು’ ಎಂಬ ಒಂದೇ ರೂಪ ಸಂದರ್ಭಾನುಸಾರ ಈ ಎರಡೂ ಅರ್ಥಗಳನ್ನು ಕೊಡಬಲ್ಲದು. ಆದ್ದರಿಂದ ಎರಡೂ ಭಾಷೆಗಳ ನಡುವೆ ಬೆಳೆಯುವ ಕಾಸರಗೋಡಿನ ವಿದ್ಯಾರ್ಥಿಗೆ ಕನ್ನಡದ ಭೇದವೇ ಇಂಗ್ಲಿಷಿಗೆ ಹೆಚ್ಚು ಹತ್ತಿರದ ಆಧಾರ.

ಆದರೆ ಈ ಹೋಲಿಕೆ ಎರಡು ಕಡೆ ಕೈಕೊಡುತ್ತದೆ.

ಮೊದಲನೆಯದು, ಇಂದ್ರಿಯಾನುಭವ. ‘ಬೆಟ್ಟ ಕಾಣಿಸುತ್ತಿದೆ’ ಎಂಬುದು ಶುದ್ಧ ಕನ್ನಡ. ಅದರ ಜಾಡಿನಲ್ಲೇ ‘ಐ ಆಮ್ ಸೀಯಿಂಗ್ ಎ ಹಿಲ್’ ಎಂದರೆ ಇಂಗ್ಲಿಷಿಗೆ ಒಗ್ಗದು. ಅಲ್ಲಿ ‘ಐ ಕ್ಯಾನ್ ಸೀ’ ಎನ್ನಬೇಕು. ಅರಿವು, ಬಯಕೆಗಳನ್ನು ಹೇಳುವ ‘ನೋ’, ‘ವಾಂಟ್’ ಮುಂತಾದವೂ ಸಾಮಾನ್ಯವಾಗಿ ‘ಇಂಗ್’ ರೂಪವನ್ನು ಒಲ್ಲವು. ಇಲ್ಲಿ ಕನ್ನಡವೇ ಸುಳಿವು ಕೊಡುತ್ತದೆ: ‘ಗೊತ್ತು’, ‘ಬೇಕು’ ಎಂಬವಕ್ಕೆ ‘ಉತ್ತ’ ಪ್ರತ್ಯಯ ಹತ್ತುವುದಿಲ್ಲ.

ಎರಡನೆಯದು, ಅವಧಿ. ‘ಮೂರು ವರ್ಷಗಳಿಂದ ಓದುತ್ತಿದ್ದಾಳೆ’ ಎನ್ನಲು ಕನ್ನಡಕ್ಕೆ ಅದೇ ಕ್ರಿಯಾರೂಪ ಸಾಕು. ಇಂಗ್ಲಿಷಿನಲ್ಲಿ ‘ಈಸ್ ಸ್ಟಡಿಯಿಂಗ್’ ಸಲ್ಲದು. ‘ಹ್ಯಾಸ್ ಬೀನ್ ಸ್ಟಡಿಯಿಂಗ್’ ಎಂಬ ಬೇರೆ ರೂಪ ಬೇಕು. ವಾಕ್ಯದಲ್ಲಿ ಕಾಲಾವಧಿಯನ್ನು ಹೇಳುವ ‘ಇಂದ’ ಕಂಡರೆ ಅನುವಾದಕನು ಎಚ್ಚರಗೊಳ್ಳಬೇಕು.

ಆದ್ದರಿಂದ ಅಭ್ಯಾಸ ಹಾಳೆ ರೂಪವನ್ನಷ್ಟೇ ಅಲ್ಲ, ಆಯ್ಕೆಯನ್ನೂ ಕೇಳಬೇಕು. ಮಾದರಿಗೆ, ಇಂಗ್ಲಿಷಿಗೆ ಅನುವಾದಿಸಿ:

1. ಮಳೆ ಸುರಿಯುತ್ತಿದೆ.
2. ಬೆಳಗಿನಿಂದ ಮಳೆ ಸುರಿಯುತ್ತಿದೆ.
3. ಗಂಟೆಯ ಸದ್ದು ಕೇಳಿಸುತ್ತಿದೆ.
4. ಅವಳಿಗೆ ನಿಘಂಟು ಬೇಕು.

ಉತ್ತರ: ಮೊದಲನೆಯದಕ್ಕೆ ‘ಈಸ್ ರೈನಿಂಗ್’, ಎರಡನೆಯದಕ್ಕೆ ‘ಹ್ಯಾಸ್ ಬೀನ್ ರೈನಿಂಗ್’, ಮೂರನೆಯದಕ್ಕೆ ‘ಕ್ಯಾನ್ ಹಿಯರ್’, ನಾಲ್ಕನೆಯದಕ್ಕೆ ‘ವಾಂಟ್ಸ್’. ನಾಲ್ಕರಲ್ಲಿ ನಿರಂತರ ವರ್ತಮಾನ ಸಲ್ಲುವುದು ಒಂದಕ್ಕೆ ಮಾತ್ರ. ಉಳಿದ ಮೂರಕ್ಕೆ ಅದು ಏಕೆ ಸಲ್ಲದೆಂದು ಕನ್ನಡದಲ್ಲಿ ಒಂದೊಂದು ವಾಕ್ಯ ಬರೆಯಬಲ್ಲ ವಿದ್ಯಾರ್ಥಿಗೆ ಎರಡೂ ಭಾಷೆಗಳ ಕ್ರಿಯಾಪದದ ಮರ್ಮ ತಿಳಿದಿದೆ ಎನ್ನಬಹುದು.