ಫೋಟೋ ಒಳಗೊಬ್ಬ ಚಾಡಿಕೋರ!

ಹಿಂದೆ ಸ್ಟುಡಿಯೋದಲ್ಲಿ ಫೋಟೋ ತೆಗೆಸಿದರೆ ಹಿಂಬದಿಗೆ ಸೀಲು, ತಾರೀಖು ಬೀಳುತ್ತಿತ್ತು. ಮೊಬೈಲ್ ಫೋಟೋಕ್ಕೆ ಬೆನ್ನೇ ಇಲ್ಲವಲ್ಲ, ಸೀಲು ಎಲ್ಲಿಂದ ಬಂತು ಅಂತೀರಾ? ಇದೆ ಸ್ವಾಮಿ, ಇದೆ. ಹೊಟ್ಟೆಯೊಳಗೇ ಇದೆ!

‘ಎಕ್ಸಿಫ್’ ಅಂತ ಅದಕ್ಕೆ ಹೆಸರು. 1995ರಲ್ಲಿ ಜಪಾನಿನವರು ಹೊರತಂದ ಪದ್ಧತಿ. ಯಾವ ಕ್ಯಾಮೆರಾ, ಯಾವ ದಿನ, ಎಷ್ಟು ಗಂಟೆ, ಎಲ್ಲವೂ ಚಿತ್ರದ ಜೊತೆಗೇ ದಾಖಲು. ಮೊಬೈಲ್ ಕ್ಯಾಮೆರಾಕ್ಕೆ ‘ಲೊಕೇಶನ್’ ಅನುಮತಿ ಕೊಟ್ಟಿದ್ದರಂತೂ ಅಕ್ಷಾಂಶ ರೇಖಾಂಶವೂ ಸೇರಿಕೊಳ್ಳುತ್ತೆ. ಮ್ಯಾಪಿಗೆ ಹಾಕಿದರೆ ನೇರ ಮನೆ ಬಾಗಿಲಿಗೆ ದಾರಿ.

ಗುಟ್ಟು ರಟ್ಟಾದ ಪರಿ

ಕಂಪ್ಯೂಟರ್ ವೈರಸ್ ತಡೆಯುವ ಸಾಫ್ಟ್‌ವೇರ್ ಮಾಡಿ ಹೆಸರಾದ ಜಾನ್ ಮೆಕಾಫಿಯ ಕತೆ ಕೇಳಿ. 2012ರಲ್ಲಿ ಮಧ್ಯ ಅಮೆರಿಕದ ಬೆಲೀಜ್‌ನಲ್ಲಿ ಆತನ ನೆರೆಯವನ ಕೊಲೆಯಾಯಿತು. ಪೊಲೀಸರು ವಿಚಾರಣೆಗೆ ಹುಡುಕಿದರೆ ಆಸಾಮಿ ನಾಪತ್ತೆ! ಆ ಡಿಸೆಂಬರಿನಲ್ಲಿ ‘ವೈಸ್’ ಪತ್ರಿಕೆ ಆತನ ಜೊತೆ ತೆಗೆದ ಫೋಟೋ ಪ್ರಕಟಿಸಿತು. ಊರಿನ ಹೆಸರು ಹೇಳಲಿಲ್ಲ. ಹೇಳಿದ್ದು ಫೋಟೋ! ಅದರೊಳಗಿನ ಅಂಕಿಗಳು ಗ್ವಾಟೆಮಾಲವನ್ನು ತೋರಿಸಿಬಿಟ್ಟವು. ಅದೇ ವಾರ ಅಕ್ರಮ ಪ್ರವೇಶದ ಆರೋಪದ ಮೇಲೆ ಅಲ್ಲಿ ಬಂಧನವಾಯಿತು.

ನಾವೇನು ಪರಾರಿ ಆಸಾಮಿಗಳಲ್ಲ, ನಿಜ. ಆದರೆ ಹಳೇ ಸ್ಕೂಟರ್ ಮಾರಲು, ಹೊಸ ಒಡವೆ ತೋರಿಸಲು ಗುರುತು ಪರಿಚಯ ಇಲ್ಲದವರಿಗೂ ಫೋಟೋ ಕಳಿಸ್ತೀವಿ. ಒಡವೆ ಜೊತೆಗೆ ಅದಿರೋ ಮನೆಯನ್ನೂ ತೋರಿಸಬೇಕೇ?

ವಾಟ್ಸಾಪ್‌ನಲ್ಲಿ ಮಾಮೂಲಿ ಫೋಟೋ ಆಗಿ ಕಳಿಸಿದರೆ ಸ್ಥಳದ ವಿವರ ಕಳಚಿಹೋಗುತ್ತೆ. ‘ಡಾಕ್ಯುಮೆಂಟ್’ ಅಂತ ಕಳಿಸಿದರೆ, ಇಮೇಲಿಗೆ ಮೂಲ ಫೈಲನ್ನೇ ಅಂಟಿಸಿದರೆ, ಚಾಡಿಕೋರನೂ ಟಿಕೆಟ್ಟಿಲ್ಲದೆ ಪ್ರಯಾಣ ಮಾಡ್ತಾನೆ!

ಇಳಿಸೋದು ಹೇಗೆ?

‘ಗಿಂಪ್’ ಅನ್ನೋ ಚಿತ್ರ ತಿದ್ದುವ ಸಾಫ್ಟ್‌ವೇರ್ ಪುಕ್ಕಟೆ ಸಿಗುತ್ತೆ. ಅದರಲ್ಲಿ ಫೋಟೋ ತೆರೆದು ‘ಎಕ್ಸ್‌ಪೋರ್ಟ್ ಆ್ಯಸ್’ ಒತ್ತಿ ಜೆಪೆಗ್ ಆಗಿ ಉಳಿಸುವಾಗ ಎಕ್ಸಿಫ್, ಎಕ್ಸ್‌ಎಂಪಿ, ಐಪಿಟಿಸಿ, ಥಂಬ್‌ನೇಲ್ ಚೌಕಗಳ ಟಿಕ್ ತೆಗೆಯಿರಿ. ಥಂಬ್‌ನೇಲ್ ಯಾಕೆ? ಅದು ಒಳಗಿರೋ ಪುಟ್ಟ ನಕಲು ಚಿತ್ರ. ನೀವು ಹೊರಗೆ ಕತ್ತರಿಸಿದ ಭಾಗ ಅದರಲ್ಲಿ ಉಳಿದುಬಿಡಬಹುದು.

ವಿಂಡೋಸ್ ಕಂಪ್ಯೂಟರಿನಲ್ಲಾದರೆ ಇನ್ನೂ ಸಲೀಸು. ಫೈಲಿನ ಮೇಲೆ ಮೌಸಿನ ಬಲಗುಂಡಿ ಒತ್ತಿ ‘ಪ್ರಾಪರ್ಟೀಸ್’, ‘ಡೀಟೇಲ್ಸ್’ಗೆ ಹೋದರೆ ಕೆಳಗೇ ವಿವರ ತೆಗೆಯುವ ಕೊಂಡಿ. ಅದನ್ನೊತ್ತಿ ವಿವರವಿಲ್ಲದ ಪ್ರತಿಯೊಂದನ್ನು ಮಾಡಿಕೊಳ್ಳಿ.

ಒಂದು ಮಾತು ನೆನಪಿರಲಿ. ಅಳಿಸೋದು ನಕಲು ಪ್ರತಿಯಲ್ಲಿ, ಮೂಲದಲ್ಲಲ್ಲ. ಅಪಘಾತದ್ದೋ ಕಳ್ಳತನದ್ದೋ ಫೋಟೋ ಆದರೆ ಅದೇ ದಿನ, ಅದೇ ಗಂಟೆ ನಾಳೆ ನಿಮ್ಮ ಪರ ಸಾಕ್ಷಿ ಹೇಳೀತು.

ಇಷ್ಟೆಲ್ಲ ರಗಳೆ ಬೇಡ ಅನ್ನೋರು ಕ್ಯಾಮೆರಾ ಸೆಟ್ಟಿಂಗಿನಲ್ಲಿ ಲೊಕೇಶನ್ ಆಫ್ ಮಾಡಿಬಿಡಿ. ಆದರೆ ಮನೆ ನಂಬರ್ ಬೋರ್ಡು ಚಿತ್ರದಲ್ಲೇ ರಾರಾಜಿಸ್ತಿದ್ದರೆ ಯಾವ ಸಾಫ್ಟ್‌ವೇರೂ ಕಾಪಾಡೋಲ್ಲ. ಅದಕ್ಕೆ ಕಣ್ಣೇ ಬೇಕು, ಹುಷಾರ್!